ಭಾಗ 3: ಮುಚ್ಚಿಟ್ಟಿದ್ದನ್ನ ನೋಡೋ ಚಟ

"ನೋಡಬ್ಯಾಡ" ಅಂದ ಕೂಡಲೇ ಎಲ್ಲಾರ ಕಣ್ಣೂ ಆ ಕಡೆನೇ ಹೊಳ್ಳತಾವ. ಅದು ಮನುಷ್ಯನ ಗುಣ, ಇರಲಿ. ಆದರೆ ನಿಷಿದ್ಧವಾದದ್ದರ ಫೋಟೋ ತೆಗೆದವರೆಲ್ಲ ಸಮಾಜದ ಕಣ್ಣು ತೆರೆಸಿದರು ಅಂತ ಹೇಳ್ತಾರಲ್ಲ, ಅದನ್ನ ನಾ ಒಪ್ಪಂಗಿಲ್ಲ. ಎರಡು ಊರಿನ ಕಥಿ ಕೇಳ್ರಿ.

👉 ಚಂದ್ರಗುತ್ತಿ, ಸೊರಬ ತಾಲ್ಲೂಕು. ರೇಣುಕಾಂಬೆ ಜಾತ್ರೆಯಲ್ಲಿ ಹರಕೆ ಹೊತ್ತವರು ವರದಾ ನದಿಯಲ್ಲಿ ಮಿಂದು, ಬೆತ್ತಲೆಯಾಗಿ ಗುಡಿಗೆ ಹೋಗುತ್ತಿದ್ದರು. ಹೆಚ್ಚಿನವರು ಬಡವರು, ಕೆಳಜಾತಿಯವರು. 1986ರ ಮಾರ್ಚ್‌ನಲ್ಲಿ ಇದನ್ನು ತಡೆಯಲು ಹೋದ ದಲಿತ ಸಂಘರ್ಷ ಸಮಿತಿಯವರ ಮೇಲೆ, ಪೊಲೀಸರ ಮೇಲೆ ಗುಂಪು ಬಿದ್ದು ಅವರ ಬಟ್ಟೆನೇ ಬಿಚ್ಚಿಸಿತು. ಮಹಿಳಾ ಪೊಲೀಸರನ್ನೂ ಬಿಡಲಿಲ್ಲ. ಆಮೇಲೆ ಸರ್ಕಾರ ಬೆತ್ತಲೆ ಸೇವೆ ನಿಷೇಧಿಸಿತು. ಇದೆಲ್ಲ ಸುದ್ದಿ ಆಗಿದ್ದು ಒಳ್ಳೇದಾಯ್ತು, ಖರೆ. ಆದರೆ ಇವತ್ತಿಗೂ ಈ ಹೆಸರು ಕೇಳಿದರೆ ಮಂದಿ ಹುಡುಕೋದು ಹರಕೆ ಹೊತ್ತ ಹೆಣ್ಮಕ್ಕಳ ಮೈ. ದಾರಿ ಬದಿ ನಿಂತು ನೋಡಿದವರ ಮುಖ ಯಾರಿಗೂ ಬೇಕಾಗಿಲ್ಲ.

👉 ಸವಣೂರು, ಹಾವೇರಿ ಜಿಲ್ಲೆ. ನಮ್ಮ ಹುಬ್ಬಳ್ಳಿಗೆ ಭಾಳ ದೂರ ಏನಿಲ್ಲ. 2010ರ ಜುಲೈನಲ್ಲಿ, ತಲೆಮಾರುಗಳಿಂದ ಊರಿನ ಮಲ ಬಳಿದ ಭಂಗಿ ಸಮುದಾಯದವರನ್ನು ಅವರಿದ್ದ ಜಾಗದಿಂದ ಎಬ್ಬಿಸಲು ಹೊರಟಾಗ, ಅವರು ಪುರಸಭೆ ಮುಂದೆ ಮೈಮೇಲೆ ಮಲ ಸುರಿದುಕೊಂಡರು. ಆ ಚಿತ್ರ ನೋಡಿ ಇಡೀ ರಾಜ್ಯ ಬೆಚ್ಚಿತು. ಮಲ ಅವತ್ತೇ ಹೊಸದಾಗಿ ಬಂದಿತ್ತೇನ್ರಿ? ದಿನಾ ಇತ್ತು. ನೋಡಲೇಬೇಕು ಅಂತ ಅವರೇ ನಮ್ಮ ಮುಂದೆ ತಂದರು.

ಫರಕು ಇಲ್ಲೇ ಐತಿ. ಸವಣೂರಿನಲ್ಲಿ ಏನು ತೋರಿಸಬೇಕು ಅಂತ ನೊಂದವರೇ ನಿರ್ಧಾರ ಮಾಡಿದರು. ಚಂದ್ರಗುತ್ತಿಯ ಹೆಣ್ಮಕ್ಕಳನ್ನ ಯಾರೂ ಕೇಳಲಿಲ್ಲ.

ನಾವು ಯಾವ ಕಡೆ ಅದೀವಿ? ಉಣಕಲ್ ಕೆರಿ ದಂಡಿ ಮ್ಯಾಲೆ ಕೂತ ಜೋಡಿ ವಿಡಿಯೋ ಕದ್ದು ಮಾಡಿ ಗ್ರೂಪಿಗೆ ಹಾಕೋದು, "ನಮ್ಮ ಸಂಸ್ಕೃತಿ ಹಾಳಾತು" ಅನ್ನೋದು, ಮತ್ತ ಅದನ್ನೇ ನಾಕು ಸಲ ನೋಡೋದು. ನಿಷಿದ್ಧದ ರುಚಿ ಇರೋದೇ ಇದರಾಗ: ಮಜಾ ನಮಗ, ಮಾನ ಹೋಗೋದು ಅವರದು.

"ಒಪ್ಪಿಗೆ ಕೇಳ್ತಾ ಕೂತ್ರ ಸತ್ಯ ಹೊರಗ ಬರಂಗಿಲ್ಲ" ಅಂತೀರಿ. ಬಲ ಇದ್ದವರನ್ನ ಕೇಳಬ್ಯಾಡ್ರಿ! ಮಲ ಬಳಿಯುವ ಕೆಲಸಕ್ಕೆ ಆಳು ಹಚ್ಚೋದು 2013ರ ಕಾಯ್ದೆ ಪ್ರಕಾರ ಅಪರಾಧ. ಮ್ಯಾನ್‌ಹೋಲಿಗೆ ಆಳು ಇಳಿಸಿದ ಗುತ್ತಿಗೆದಾರನ ಮುಖ ಸ್ಪಷ್ಟ ಬರೋ ಹಂಗ ತೆಗೀರಿ. ಒಳಗ ಇಳಿದವರನ್ನ ಮಾತ್ರ ಕೇಳಿ ತೆಗೀರಿ. ಬ್ಯಾಡ ಅಂದ್ರ ಫೋನ್ ಕಿಸೆಯೊಳಗ ಇಡ್ರಿ.

ಇವತ್ತು ಗ್ರೂಪಿನ್ಯಾಗ ಅಂಥಾ ವಿಡಿಯೋ ಬಂದ್ರ ಫಾರ್ವರ್ಡ್ ಮಾಡಬ್ಯಾಡ್ರಿ. ಹಾಕಿದವನ ಹೆಸರು ಹಿಡಿದು, "ಇದನ್ನ ಅವರನ್ನ ಕೇಳಿ ತೆಗೆದಿಯೇನಪಾ?" ಅಂತ ಎಲ್ಲಾರ ಮುಂದ ಕೇಳ್ರಿ.

ಒಪ್ಪದವರು ಕಾಮೆಂಟಿನ್ಯಾಗ ಜಗಳಕ್ಕ ಬರ್ರಿ. ಭಾಗ 4 ರವಿವಾರ.

#ಹುಬ್ಬಳ್ಳಿಧಾರವಾಡ #ಕ್ಯಾಮೆರಾ_ಯಾರ_ಕಡೆ