ಸಾಕ್ಷ್ಯವೋ, ಸನ್ಮಾನಪತ್ರವೋ?

ಸತ್ಯಜಿತ್ ರಾಯರ ಕಥಾಚಿತ್ರಗಳನ್ನು ಕೊಂಡಾಡುವ ವಿದ್ವಾಂಸರಲ್ಲಿ ಕೆಲವರು, ಕಲಾವಿದರನ್ನು ಕುರಿತು ಅವರು ತೆಗೆದ ನಾಲ್ಕು ಸಾಕ್ಷ್ಯಚಿತ್ರಗಳನ್ನು ಬಿಡುವಿನ ವೇಳೆಯ ಕೆಲಸವೆಂದು ಬದಿಗೆ ಸರಿಸುವುದುಂಟು. ಪರರ ಕೋರಿಕೆಯಿಂದ, ಪರರ ಹಣದಿಂದ ಆದ ಕೃತಿಯಲ್ಲಿ ಸ್ವಾತಂತ್ರ್ಯವೆಲ್ಲಿಯದು ಎಂಬುದು ಅವರ ಪೂರ್ವಪಕ್ಷ. ಈ ವಾದಕ್ಕೆ ಬುಡವಿಲ್ಲ. ಅರಿಕೇಸರಿಯ ಆಶ್ರಯದಲ್ಲಿ ಹುಟ್ಟಿತೆಂಬ ಕಾರಣಕ್ಕಾಗಿ ಪಂಪನ ಕಾವ್ಯವನ್ನು ಕೀಳೆಂದು ಎಣಿಸಿದ ಸಹೃದಯನಿಲ್ಲವಷ್ಟೆ.

ಕೃತಿಗಳನ್ನೇ ಪರೀಕ್ಷಿಸಬಹುದು. 1961ರಲ್ಲಿ ಕವಿಯ ಜನ್ಮಶತಾಬ್ದಿಗೆ ‘ರವೀಂದ್ರನಾಥ’, 1972ರಲ್ಲಿ ‘ದಿ ಇನ್ನರ್ ಐ’, 1976ರಲ್ಲಿ ‘ಬಾಲಾ’, 1987ರಲ್ಲಿ, ತಂದೆಯ ಶತಾಬ್ದಿಗೆ, ‘ಸುಕುಮಾರ್ ರಾಯ್’. ರವೀಂದ್ರರು 1941ರಲ್ಲಿಯೇ ಗತಿಸಿದ್ದರು. ಸುಕುಮಾರರು 1923ರಲ್ಲಿ, ಮಗನಿಗೆ ಮೂರು ವರ್ಷ ತುಂಬುವ ಮೊದಲೇ. ಬದುಕಿದ್ದ ಇಬ್ಬರೆದುರು ಕ್ಯಾಮೆರಾ ನಿಂತಾಗ ರಾಯರು ಮಾಡಿದುದೇನು?

ಬಿನೋದ್ ಬಿಹಾರಿ ಮುಖರ್ಜಿಯವರು ಶಾಂತಿನಿಕೇತನದಲ್ಲಿ ರಾಯರಿಗೆ ಗುರುಗಳು. ಐವತ್ತು ದಾಟಿದ ಮೇಲೆ ದೃಷ್ಟಿಯನ್ನು ಕಳೆದುಕೊಂಡವರು. ಪ್ರೇಕ್ಷಕರಿಂದ ಕಣ್ಣೀರು ಹಾಕಿಸುವುದು ಸುಲಭವಾಗಿತ್ತು. ರಾಯರು ಆ ದಾರಿಯನ್ನು ಬಿಟ್ಟು, ಕಣ್ಣು ಕಾಣದ ಆ ವೃದ್ಧರ ಬೆರಳುಗಳು ಭಿತ್ತಿಚಿತ್ರದ ಕಾರ್ಯದಲ್ಲಿ ತೊಡಗಿರುವುದನ್ನು ತೋರಿಸಿದರು. ‘ಬಾಲಾ’ ಚಿತ್ರದಲ್ಲಿ ಬಾಲಸರಸ್ವತಿಯವರು ಕಡಲ ತೀರದಲ್ಲಿ ನಿಂತು, ಕೃಷ್ಣನನ್ನು ಕರೆಯುವ ವ್ಯಾಸತೀರ್ಥರ ಕನ್ನಡ ಪದಕ್ಕೆ ಅಭಿನಯಿಸುತ್ತಾರೆ. ಅನಂತರ ಒಂದು ವರ್ಣ. ಗಾಳಿಯು ಉಡುಪನ್ನು ಎಳೆದಾಡುತ್ತದೆಂದೂ, ನರ್ತಕಿಯ ಪ್ರಾಯವು ಅರುವತ್ತಕ್ಕೆ ಸಮೀಪಿಸಿತ್ತೆಂದೂ ಆಕ್ಷೇಪಿಸುವವರುಂಟು. ಆಕ್ಷೇಪವು ಸುಳ್ಳಲ್ಲ. ಆದರೆ 1984ರಲ್ಲಿ ಅವರು ಕಾಲವಾದರು. ತಡವಾಯಿತೆಂದು ರಾಯರು ಕೈಕಟ್ಟಿ ಕುಳಿತಿದ್ದರೆ, ಆ ಮುಖದ, ಆ ಕೈಗಳ ಆ ಅಭಿನಯವು ಅವರೊಡನೆಯೇ ಹೋಗುತ್ತಿತ್ತು.

ಇಂದು ಕಲಾವಿದರ ಮೇಲೆ ಹೊರಡುವ ಎಷ್ಟೋ ಚಿತ್ರಗಳ ಪರಿ ಬೇರೆ. ಶಾಲು, ಹಾರ, ಪ್ರಶಸ್ತಿಗಳ ಪಟ್ಟಿ, ಬಂಧುಮಿತ್ರರ ಪ್ರಶಂಸೆ! ಗಾಯಕನನ್ನು ಕುರಿತು ಹತ್ತು ಮಂದಿ ಮಾತನಾಡುತ್ತಾರೆ. ಗಾಯಕನು ಮಾತ್ರ ಅರೆನಿಮಿಷ ಹಾಡುತ್ತಾನೆ, ಅದರ ಮೇಲೂ ನಿರೂಪಕನ ದನಿ ಬಂದು ಬೀಳುತ್ತದೆ. ಸಾಕ್ಷಿಯೆಂದರೆ ಕಣ್ಣಾರೆ ಕಂಡವನು. ಪರರ ಹೊಗಳಿಕೆಯನ್ನು ಪೋಣಿಸಿ ಕೊಡುವವನು ಸಾಕ್ಷಿಯಲ್ಲ, ವಂದಿಮಾಗಧ.

ಹೊಗಳಿಕೆಯನ್ನು ಮುಂದಿನವರೂ ಬರೆಯಬಲ್ಲರು. ವೃದ್ಧ ವಿದ್ವಾಂಸನ ಆಲಾಪನೆಯನ್ನು ಅವರು ಹೊಸದಾಗಿ ಹುಟ್ಟಿಸಲಾರರು. ಆದುದರಿಂದ, ಊರೂರಿನಲ್ಲಿ ಉಳಿದಿರುವ ಹಿರಿಯ ಕಲಾವಿದರ ಬಳಿಗೆ ಹೋಗುವವರು ಪ್ರಶ್ನೆಗಳ ಪಟ್ಟಿಯನ್ನು ಮಡಿಸಿಟ್ಟು, ಮೊದಲು ಒಂದು ರಾಗವನ್ನು ಪೂರ್ಣವಾಗಿ ಕೇಳಿ ಹಿಡಿದಿಡಲಿ. ಸನ್ಮಾನಕ್ಕೆ ಮುಂದೆಯೂ ಅವಕಾಶವುಂಟು.