ಇರೋದ್ರಲ್ಲೇ ಗೆದ್ದ ಆರ್ಮಿ ತಂಡ

ಫುಟ್‌ಬಾಲ್ ಅಂದ್ರೆ ನಮಗೆ ಮೆಸ್ಸಿ, ರೊನಾಲ್ಡೊ. ಅಮೆರಿಕದವರ ಫುಟ್‌ಬಾಲ್‌ನಲ್ಲಿ ಚೆಂಡನ್ನ ಕೈಯಲ್ಲೇ ಹಿಡ್ಕೊಂಡು ಓಡ್ತಾರೆ. ಆದರೂ ವೆಸ್ಟ್ ಪಾಯಿಂಟ್ ಮಿಲಿಟರಿ ಅಕಾಡೆಮಿಯ ತಂಡ, ಅಂದ್ರೆ ಆರ್ಮಿ, 2024ರಲ್ಲಿ ಆಡಿದ ಸೀಸನ್ ಎಂಜಿನಿಯರಿಂಗ್ ಓದೋರು ನೋಡಲೇಬೇಕಾದದ್ದು ಅಂತ ನಮ್ಮ ವಾದ.

ಅಲ್ಲಿನ ಕಾಲೇಜು ಆಟದಲ್ಲಿ ಈಗ ದುಡ್ಡಿನ ಹೊಳೆ. ಒಳ್ಳೆ ಆಟಗಾರ ಜಾಹೀರಾತಲ್ಲಿ ಸಂಪಾದಿಸಬಹುದು, ಬೇರೆ ಕಾಲೇಜಿಗೆ ಹಾರಬಹುದು. ಆರ್ಮಿ ಹುಡುಗರಿಗೆ ಆ ಜಾಹೀರಾತಿನ ದುಡ್ಡಿಲ್ಲ. ಡಿಗ್ರಿ ಆದ್ಮೇಲೆ ಕನಿಷ್ಠ 5 ವರ್ಷ ಸೇನೆಯಲ್ಲಿ ಕೆಲಸ. ಹಾಗಾಗಿ ಮೈ ತೂಕವನ್ನೂ ಮನಸ್ಸಿಗೆ ಬಂದಷ್ಟು ಏರಿಸೋ ಹಾಗಿಲ್ಲ.

ಕೋಚ್ ಜೆಫ್ ಮಾಂಕನ್ ಇರೋದಕ್ಕೆ ತಕ್ಕ ಹಾಗೆ ಆಟ ಕಟ್ಟಿದ್ರು. ದೂರ ಎಸೆಯೋದು ಕಮ್ಮಿ, ಓಡೋದೇ ಜಾಸ್ತಿ. ಒಂದೊಂದು ಸಲಕ್ಕೆ ಮೂರ್ನಾಲ್ಕು ಗಜ. ನೋಡೋಕೆ ಬೋರು, ಒಪ್ತೀವಿ. ಆದ್ರೆ ಚೆಂಡು ನಮ್ಮ ಹತ್ರಾನೇ ಇದ್ರೆ ಎದುರಾಳಿ ಸ್ಕೋರ್ ಮಾಡೋದು ಹೇಗೆ? ಕ್ವಾರ್ಟರ್‌ಬ್ಯಾಕ್ ಬ್ರೈಸನ್ ಡೇಲಿ ಓಡಿಯೇ 32 ಟಚ್‌ಡೌನ್ ಗಳಿಸಿದ. ಡಿಸೆಂಬರ್ 6ಕ್ಕೆ ಟುಲೇನ್ ವಿರುದ್ಧ 35-14. 1890ರಿಂದ ಆಡ್ತಿರೋ ತಂಡಕ್ಕೆ ಅದೇ ಮೊದಲ ಕಾನ್ಫರೆನ್ಸ್ ಪ್ರಶಸ್ತಿ. (ದಶಕಗಳ ಕಾಲ ಯಾವ ಕಾನ್ಫರೆನ್ಸಲ್ಲೂ ಇರಲಿಲ್ಲ, ಅದೂ ನಿಜ.)

ಎಲ್ಲಾ ಕಡೆ ಈ ಲೆಕ್ಕ ನಡೀಲಿಲ್ಲ. ನಾಟರ್ ಡೇಮ್ 49-14ರಲ್ಲಿ ಜಾಡಿಸಿಬಿಟ್ಟಿತು. ಟುಲೇನ್ ಗೆದ್ದ ಎಂಟೇ ದಿನಕ್ಕೆ ನೌಕಾ ಅಕಾಡೆಮಿಯ ನೇವಿ ಎದುರು 13-31. ನೇವಿಗೆ ಸೋತ್ರೆ ಸೀಸನ್ನೇ ವ್ಯರ್ಥ ಅನ್ನೋ ಮಾತು ನಾವು ಒಪ್ಪಲ್ಲ. ಅದೇ ಕಟ್ಟುಪಾಡಲ್ಲಿ ಬದುಕೋ ಇನ್ನೊಂದು ತಂಡ ತಾನೇ ಗೆದ್ದದ್ದು? ಆ ಪಂದ್ಯ ಮುಗಿದಾಗ ಎರಡೂ ತಂಡ ಒಟ್ಟಿಗೆ ನಿಂತು, ಮೊದಲು ಸೋತವರ ಅಕಾಡೆಮಿ ಗೀತೆಗೆ ಗೌರವ ಕೊಡ್ತಾವೆ, ಆಮೇಲೆ ಗೆದ್ದವರದಕ್ಕೆ.

ಎರಡು ವಾರ ಬಿಟ್ಟು ಲೂಯಿಸಿಯಾನಾ ಟೆಕ್ ವಿರುದ್ಧ 27-6. ಒಟ್ಟು 12 ಗೆಲುವು, 2 ಸೋಲು. ಒಂದೇ ಸೀಸನ್‌ನಲ್ಲಿ ಆರ್ಮಿ 12 ಪಂದ್ಯ ಗೆದ್ದದ್ದು ಅದೇ ಮೊದಲು.