ಬಾಕಿ ಕೇಳದೆ ಮನೆ ಕೊಳ್ಳುವವರಿಗೆ

ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿ ಸೀಮೆಯಲ್ಲಿ ಮನೆ, ಅಂಗಡಿ, ಶೆಡ್ಡುಗಳನ್ನು ಕೊಳ್ಳುವವರು ಎಲ್ಲವನ್ನೂ ವಿಚಾರಿಸುತ್ತಾರೆ. ವಾಸ್ತು ನೋಡಿಸುತ್ತಾರೆ, ಮೂಲಪತ್ರಗಳನ್ನು ವಕೀಲರ ಮುಂದಿಡುತ್ತಾರೆ, ಇಸಿ ತೆಗೆಸುತ್ತಾರೆ, ಇ-ಖಾತೆ ಕೇಳುತ್ತಾರೆ. ಕರೆಂಟ್ ಬಿಲ್ಲು ಮತ್ತು ನೀರಿನ ರಸೀದಿ ಮಾತ್ರ ಕೇಳುವುದಿಲ್ಲ. ಕೇಳಿ ಎಂದರೆ ‘ಅಷ್ಟು ದುಡ್ಡು ಕೊಟ್ಟು ತಗೊಳ್ತಿದ್ದೀವಿ, ಅದೊಂದು ಆಮೇಲೆ ನೋಡ್ಕೊಂಡ್ರಾಯ್ತು ಬಿಡಿ’ ಎನ್ನುತ್ತಾರೆ. ಇದು ದೊಡ್ಡತನವಲ್ಲ, ಶುದ್ಧ ಉದಾಸೀನ.

ಇಸಿಯಲ್ಲಿ ಕಾಣುವುದು ನೋಂದಣಿಯಾದ ಕ್ರಯ, ಅಡಮಾನ, ವಿಭಾಗಗಳಂಥ ವ್ಯವಹಾರ. ಬೆಸ್ಕಾಂ ಬಾಕಿಯಾಗಲಿ ನೀರಿನ ಬಾಕಿಯಾಗಲಿ ಅದರಲ್ಲಿ ಬರುವುದಿಲ್ಲ. ಕರೆಂಟಿನ ಬಾಕಿ ಗೊತ್ತಾಗಬೇಕಾದರೆ ಮೀಟರ್ ಬೋರ್ಡಿನ ಹತ್ತಿರ ಹೋಗಿ ಆರ್‌ಆರ್ ಸಂಖ್ಯೆ ಬರೆದುಕೊಂಡು, ಇತ್ತೀಚಿನ ಬಿಲ್ಲಿನಲ್ಲಿ ಈ ತಿಂಗಳ ಮೊತ್ತವನ್ನಷ್ಟೇ ಅಲ್ಲ, ಹಿಂದಿನ ಬಾಕಿಯ ಸಾಲನ್ನೂ ಓದಬೇಕು. ಐದು ನಿಮಿಷದ ಕೆಲಸ. ಜೀವಮಾನದ ಉಳಿತಾಯ ಸುರಿಯುವವರಿಗೆ ಆ ಐದು ನಿಮಿಷ ಇಲ್ಲವೆಂದರೆ ಏನು ಹೇಳೋಣ?

‘ಉರಿಸಿದವನು ಅವನು, ನಾನೇಕೆ ಕಟ್ಟಲಿ?’ ಎಂಬ ವಾದ ಕಿವಿಗೆ ಹಿತ. 1995ರ ಈಶಾ ಮಾರ್ಬಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹರಾಜಿನಲ್ಲಿ ಕೊಂಡವರ ಪರ ನಿಂತದ್ದೂ ನಿಜ. ಆದರೆ 2023ರ ಮೇ 19ರಂದು ಕೆ.ಸಿ. ನೈನಾನ್ ಪ್ರಕರಣದಲ್ಲಿ ಅದೇ ನ್ಯಾಯಾಲಯದ ಮೂವರು ನ್ಯಾಯಮೂರ್ತಿಗಳ ಪೀಠ ವಿಷಯವನ್ನು ಸ್ಪಷ್ಟಪಡಿಸಿದೆ: ಹಳೆಯ ಬಾಕಿ ತೀರಿಸಿದರಷ್ಟೇ ಆ ಜಾಗಕ್ಕೆ ಸಂಪರ್ಕ ಎಂಬ ಷರತ್ತು ವಿದ್ಯುತ್ ಸರಬರಾಜು ನಿಯಮಗಳಲ್ಲಿದ್ದರೆ ಅದು ಊರ್ಜಿತ. ಆಸ್ತಿ ವರ್ಗಾವಣೆ ಕಾಯ್ದೆಯ 55ನೇ ಕಲಮಿನ ಪ್ರಕಾರ ಮಾರಾಟದ ದಿನದವರೆಗಿನ ಸಾರ್ವಜನಿಕ ಬಾಕಿಗಳನ್ನು ತೀರಿಸುವುದು ಮಾರುವವರ ಹೊಣೆ. ಆದರೆ ಹಣ ಎಣಿಸಿಕೊಂಡು ಊರು ಬಿಟ್ಟವರನ್ನು ಹುಡುಕಿ ದಾವೆ ಹೂಡಬೇಕಾದವರು ನೀವೇ. ಅಲ್ಲಿಯವರೆಗೆ ಕತ್ತಲಲ್ಲಿ ಕೂರುವವರೂ ನೀವೇ.

ಮನೆಯ ಬಾಕಿಯನ್ನು ಹೇಗೋ ಹೊಂದಿಸಬಹುದು. ರಾಮನಗರದ ರೇಷ್ಮೆ ಬಿಚ್ಚಾಣಿಕೆ ಘಟಕವನ್ನೋ ಚನ್ನಪಟ್ಟಣದ ಗೊಂಬೆ ಮಾಡುವ ಕಾರ್ಖಾನೆಯನ್ನೋ ಕೊಂಡವರ ಗತಿ ಬೇರೆ. ಮೋಟಾರು ತಿರುಗಿದರಷ್ಟೇ ಅಲ್ಲಿ ಕೂಲಿ ಹುಟ್ಟುತ್ತದೆ. ಸಂಪರ್ಕ ಕಿತ್ತರೆ ಕೊಂಡವರ ಜೊತೆಗೆ ಕೆಲಸಗಾರರ ಒಲೆಯೂ ಆರುತ್ತದೆ. ನಿಮ್ಮ ಅಸಡ್ಡೆಗೆ ಅವರು ಯಾಕೆ ದಂಡ ತೆರಬೇಕು?

‘ಗೃಹಜ್ಯೋತಿ ಇದೆಯಲ್ಲ’ ಎನ್ನುವವರೂ ಇದ್ದಾರೆ. 2023ರ ಜುಲೈ ಬಳಕೆಯಿಂದ ಜಾರಿಗೆ ಬಂದ ಆ ಯೋಜನೆ ಅರ್ಹ ಮನೆಗಳಿಗೆ 200 ಯೂನಿಟ್‌ವರೆಗೆ ಉಚಿತ ವಿದ್ಯುತ್ ಕೊಡುತ್ತದೆ, ಹಳೆಯ ಸಾಲ ತೀರಿಸುವುದಿಲ್ಲ.

ಮಾರುವವರಿಗೂ ಒಂದು ಮಾತು. ಬಾಕಿ ಮುಚ್ಚಿಟ್ಟು ಕೀಲಿಕೈ ಕೊಡುವುದು ಜಾಣತನವಲ್ಲ, ಮೋಸ. ಕಮಿಷನ್ ಎಣಿಸುವ ದಲ್ಲಾಳಿಗಳೂ ಕ್ರಯಪತ್ರ ಬರೆಯುವವರೂ ‘ಅದು ನಮ್ಮ ಕೆಲಸವಲ್ಲ’ ಎಂದು ಕೈ ತೊಳೆದುಕೊಳ್ಳುವ ಚಾಳಿ ಬಿಡಬೇಕು. ತಿಂಗಳುಗಟ್ಟಲೆ ಬಾಕಿ ಬೆಳೆಯಲು ಬಿಟ್ಟು, ಹೊಸಬರು ಬಂದಾಗ ಎಚ್ಚರಗೊಳ್ಳುವ ಅಧಿಕಾರಿಗಳೂ ತಪ್ಪಿತಸ್ಥರೇ.

ಆದರೂ ಮೊದಲ ಎಚ್ಚರ ಕೊಳ್ಳುವವರದು. ಮುಂಗಡ ಕೊಡುವ ಮುನ್ನ ಆರ್‌ಆರ್ ಸಂಖ್ಯೆ ಹಿಡಿದು ಬೆಸ್ಕಾಂ ಉಪವಿಭಾಗಕ್ಕೆ ಹೋಗಿ. ನೀರಿನ ಬಾಕಿ ಎಷ್ಟಿದೆ ಎಂದು ಅದನ್ನು ವಸೂಲು ಮಾಡುವ ಕಚೇರಿಯಲ್ಲೇ ಕೇಳಿ. ಬಾಕಿ ಇದ್ದರೆ ಆ ಮೊತ್ತವನ್ನು ಕ್ರಯದ ಹಣದಲ್ಲಿ ಹಿಡಿದುಕೊಳ್ಳಿ. ನೋಂದಣಿಯ ದಿನದವರೆಗಿನ ಬಾಕಿ ಮಾರಿದವರದೇ ಎಂದು ಕರಾರಿನಲ್ಲಿ ಬರೆಸಿ. ರುಜು ಬಿದ್ದ ಕೂಡಲೇ ಮೀಟರನ್ನು ನಿಮ್ಮ ಹೆಸರಿಗೆ ಮಾಡಿಸಿ.

ಕೇಳಿದರೆ ನೆಂಟಸ್ತಿಕೆ ಕೆಡುತ್ತದೆ ಎಂಬ ಸಂಕೋಚ ಬೇಡ. ನೆಂಟಸ್ತಿಕೆ ಕೆಡುವುದು ಕೇಳಿದಾಗ ಅಲ್ಲ, ಲೈನ್‌ಮ್ಯಾನ್ ಫ್ಯೂಸ್ ಕಿತ್ತ ದಿನ.